ಕೆತ್ತನೆಗಾರ ಟಕ್‌ವೆಲ್ ಕೂರಿಸಿದ ಎರಡು ಬಿರಡೆಗಳು

ಎಫ್ರಾಯಿಮ್ ಟಕ್‌ವೆಲ್ ಹೆಸರು ಅವನ ಅರವತ್ತೊಂದು ವರ್ಷದ ಬದುಕಿನಲ್ಲಿ ಪತ್ರಿಕೆಯಲ್ಲಿ ಅಚ್ಚಾದದ್ದು ಒಂದೇ ಒಂದು ಸಲ. ಆ ಹೆಸರಿನ ಸೀಸದ ಅಚ್ಚುಮೊಳೆಗಳನ್ನು ಒಂದೊಂದಾಗಿ ಹೆಕ್ಕಿ ಜೋಡಿಸಿದವನು ನಾನು, ಜೇಬೆಸ್ ಆರ್ಚರ್ಡ್. ಲಂಡನ್ನಿನ ಷೂ ಲೇನಿನ ಬ್ರಿಂಡಲ್ ಅಚ್ಚುಕೂಟದಲ್ಲಿ ಇಪ್ಪತ್ತು ವರ್ಷದಿಂದ ಮೊಳೆ ಜೋಡಿಸಿಕೊಂಡು ಬಂದಿದ್ದೇನೆ. ಎಷ್ಟು ಲಕ್ಷ ಸಾಲು ಜೋಡಿಸಿದ್ದೇನೋ ಲೆಕ್ಕ ಇಟ್ಟಿಲ್ಲ. ಆ ಒಂದು ಸಾಲು ನೆನಪಾದಾಗ ಮಾತ್ರ ಈ ಬೆರಳುಗಳನ್ನು ಬಾಗಿಲ ಸಂದಿಗೆ ಕೊಟ್ಟು ಜಜ್ಜಿಕೊಳ್ಳಬೇಕು ಅನಿಸುತ್ತದೆ.

ಟಕ್‌ವೆಲ್ ನಮ್ಮ ವಾರಪತ್ರಿಕೆಗೆ ಚಿತ್ರ ಕೆತ್ತುವವನು. ನಮ್ಮದು ಒಂದು ಪೆನ್ನಿಯ ಪತ್ರಿಕೆ. ಮುಖಪುಟದಲ್ಲಿ ದೊಡ್ಡ ಚಿತ್ರ, ಚಿತ್ರದಲ್ಲಿ ಒಂದು ಹೆಣ, ಇಲ್ಲವೇ ಇನ್ನೇನು ಹೆಣವಾಗಲಿರುವ ಮನುಷ್ಯ. ಒಳಗೆ ಕೊಲೆಯ ಧಾರಾವಾಹಿ. ಕಲಾವಿದ ಗಟ್ಟಿಯಾದ ಹಳದಿ ಮರದ ನುಣುಪು ತುಂಡಿನ ಮೇಲೆ ಪೆನ್ಸಿಲಿನಿಂದ ಚಿತ್ರ ಬರೆದುಕೊಡುತ್ತಿದ್ದ. ಬಿಳಿಯಾಗಿ ಕಾಣಬೇಕಾದ ಜಾಗವನ್ನೆಲ್ಲ ಟಕ್‌ವೆಲ್ ಉಳಿಯಿಂದ ತೋಡಿ ತೆಗೆಯುತ್ತಿದ್ದ. ಉಳಿದ ಉಬ್ಬಿಗೆ ಮಸಿ ಬಳಿದು ಕಾಗದ ಒತ್ತಿದರೆ ಚಿತ್ರ ಸಿದ್ಧ. ಮರದ ಮೇಲೆ ಎಡಕ್ಕಿದ್ದದ್ದು ಕಾಗದದ ಮೇಲೆ ಬಲಕ್ಕೆ ಬರುತ್ತದೆ, ಬಲಕ್ಕಿದ್ದದ್ದು ಎಡಕ್ಕೆ. ನಮ್ಮ ಅಚ್ಚುಕೂಟದಲ್ಲಿ ಕಸ ಗುಡಿಸುವ ಮುದುಕಿಗೂ ಗೊತ್ತಿದ್ದ ಸಂಗತಿ ಇದು. ಇದು ಗೊತ್ತಿಲ್ಲದ ಇಬ್ಬರು ದೊಡ್ಡ ಮನುಷ್ಯರಿಂದಲೇ ಇಷ್ಟೆಲ್ಲ ಆಯಿತು.

ಟಕ್‌ವೆಲ್ ಬೆತ್ನಲ್ ಗ್ರೀನಿನ ರೇಷ್ಮೆ ನೇಕಾರನ ಮಗ. ಹದಿನಾಲ್ಕನೆಯ ವಯಸ್ಸಿಗೆ ಕೆತ್ತನೆ ಕಲಿಯಲು ಸೇರಿದ. ಮೊದಲ ಎರಡು ವರ್ಷ ಗುರು ಅವನಿಗೆ ಬರೀ ಆಕಾಶ ಕೆತ್ತಲು ಕೊಟ್ಟನಂತೆ. ಸಾಲು ಸಾಲು ಗೆರೆ, ಮೋಡ, ಮತ್ತೆ ಗೆರೆ. ಆಮೇಲೆ ಎರಡು ವರ್ಷ ಎಲೆ ಮತ್ತು ಹುಲ್ಲು. ಮನುಷ್ಯರ ಮುಖಕ್ಕೆ ಉಳಿ ಇಡಲು ಬಿಟ್ಟದ್ದು ಆರನೆಯ ವರ್ಷಕ್ಕೆ. ನಮ್ಮಲ್ಲಿಗೆ ಬಂದ ಮೇಲೆ ಇಪ್ಪತ್ತೆರಡು ವರ್ಷ ಅದೇ ಕಿಟಕಿ, ಅದೇ ಮೇಜು, ಮರದ ಕೆಳಗೆ ಮರಳು ತುಂಬಿದ ತೊಗಲಿನ ದಿಂಬು, ಬೆಳಕನ್ನು ಒಂದೇ ಕಡೆ ಬೀಳಿಸಲು ನೀರು ತುಂಬಿದ ಗಾಜಿನ ಬುರುಡೆ, ಹಣೆಗೆ ಹಸಿರು ಬಟ್ಟೆಯ ಮರೆ. ಮಧ್ಯಾಹ್ನ ಹಾವುಮೀನಿನ ಕಡುಬನ್ನು ತಣ್ಣಗಾದ ಮೇಲೇ ತಿನ್ನುವನು. ಬಿಸಿಯದು ತಿಂದರೆ ಬೆರಳು ಬೆವರುತ್ತದೆ ಎಂದು ಅವನ ನಂಬಿಕೆ.

ಕ್ಲರ್ಕನ್‌ವೆಲ್ಲಿನ ಒಂದು ಓಣಿಯಲ್ಲಿ, ಎರಡನೆಯ ಮಹಡಿಯ ಎರಡು ಕೋಣೆಗಳಲ್ಲಿ ಅವನ ಸಂಸಾರ. ಹೆಂಡತಿ ಕೆಟುರಾ ಶನಿವಾರ ಪತ್ರಿಕೆ ಬಂದ ಕೂಡಲೇ ಮೆಟ್ಟಿಲ ಮೇಲೆ ಕೂತು ಧಾರಾವಾಹಿಯನ್ನು ಗಟ್ಟಿಯಾಗಿ ಓದುವಳು. ಓದು ಬಾರದ ನೆರೆಹೊರೆಯೆಲ್ಲ ಕೆಳಗಿನ ಮೆಟ್ಟಿಲಿನಿಂದ ಬೀದಿಯವರೆಗೆ ಕೂತು ಕೇಳುವುದು. ಚಿತ್ರವನ್ನು ಮುಂಚೆಯೇ ಕೆತ್ತಬೇಕಾದ್ದರಿಂದ ಕೊಲೆ ಮಾಡಿದವರು ಯಾರೆಂದು ಟಕ್‌ವೆಲ್‌ಗೆ ಊರಿಗಿಂತ ಮೊದಲು ತಿಳಿದಿರುತ್ತಿತ್ತು. ಇದು ಓಣಿಗೆಲ್ಲ ಗೊತ್ತು. ಬೆಕ್ಕುಗಳಿಗೆ ಹಾಕುವ ಮಾಂಸ ಮಾರುತ್ತಿದ್ದ ಡಾಜೆಟ್ ಎಂಬವನು ವಾರಕ್ಕೊಮ್ಮೆ ಕಡುಬು ತಂದು ಎದುರಿಗಿಟ್ಟು ಪೀಡಿಸುತ್ತಿದ್ದ.

“ಡಾಕ್ಟರೇ ತಾನೆ ಕೊಂದಿದ್ದು? ಬಾಯಲ್ಲಿ ಹೇಳೋದು ಬೇಡ ಗುರುವೇ, ಒಂದ್ಸಲ ಕಣ್ಣು ಮಿಟುಕ್ಸು ಸಾಕು.”

ಟಕ್‌ವೆಲ್ ಎರಡೂ ಕಣ್ಣು ಮುಚ್ಚಿಕೊಂಡು ಕಡುಬು ತಿಂದು ಮುಗಿಸುತ್ತಿದ್ದ. ಕೆಟುರಾ ಸೊಂಟದ ಮೇಲೆ ಕೈಯಿಟ್ಟು ನಿಲ್ಲುತ್ತಿದ್ದಳು.

“ಮೂವತ್ನಾಲ್ಕು ವರ್ಷ ಸಂಸಾರ ಮಾಡಿದೀನಿ ಇವ್ರ ಜೊತೆ. ಒಬ್ಬ ಕೊಲೆಗಾರನ ಹೆಸರು ಬಾಯ್ಬಿಟ್ಟಿಲ್ಲ. ನಾಳೆ ಯಾರಾದ್ರೂ ನನ್ನೇ ಕೊಂದು ಹಾಕಿದ್ರೂ, ಯಾರು ಅಂತ ಪೊಲೀಸ್ನೋರು ಕೇಳಿದ್ರೆ ಮುಂದಿನ ಶನಿವಾರದ ತನಕ ಕಾಯ್ರಿ ಅಂತಾರೆ ಈ ಮಹಾನುಭಾವ್ರು!”

ಇಂಥ ಮನುಷ್ಯನಿಗೆ ಇದ್ದದ್ದು ಒಂದೇ ಆಸೆ. ಚಿತ್ರದ ಮೂಲೆಯಲ್ಲಿ ತನ್ನ ಹೆಸರು ಬರಬೇಕು. ಕಲಾವಿದನ ಹೆಸರು ಎಡಮೂಲೆಯಲ್ಲಿ ದಪ್ಪಗೆ ಬರುತ್ತಿತ್ತು. ಕೆತ್ತಿದವನ ಹೆಸರು ಬೇರೆ ಪತ್ರಿಕೆಗಳಲ್ಲಿ ಬಲಮೂಲೆಯಲ್ಲಿ ಇರುತ್ತಿತ್ತು, ನಮ್ಮಲ್ಲಿ ಇಲ್ಲ. ಎರಡೆರಡು ಹೆಸರು ನೋಡಿದರೆ ಓದುವವರಿಗೆ ತಲೆಕೆಡುತ್ತದೆ ಎಂದು ಮಾಲೀಕ ಹೊರೇಷಿಯೋ ಬ್ರಿಂಡಲ್ ಹೇಳುತ್ತಿದ್ದ. ಹನ್ನೊಂದು ಜನರ ಮೇಲೆ ಗುಮಾನಿ ಇಟ್ಟುಕೊಂಡು ವಾರಗಟ್ಟಲೆ ಕಥೆ ಓದುವವರಿಗೆ ಎರಡು ಹೆಸರಿನಿಂದ ತಲೆ ಕೆಡುತ್ತದಂತೆ! ಟಕ್‌ವೆಲ್ ಪ್ರತಿ ಕ್ರಿಸ್‌ಮಸ್‌ಗೂ ಟೊಪ್ಪಿಗೆ ಕೈಯಲ್ಲಿ ಹಿಡಿದು ಕೇಳುವನು. ಬ್ರಿಂಡಲ್ ಪ್ರತಿ ಕ್ರಿಸ್‌ಮಸ್‌ಗೂ ನೋಡೋಣ ಅನ್ನುವನು.

ಯಾಕಿಷ್ಟು ಹಟ ಎಂದು ನಾನೊಮ್ಮೆ ಕೇಳಿದ್ದೆ.

“ನಮ್ಮಪ್ಪ ನೇಯ್ದ ರೇಷ್ಮೇನ ಯಾವ್ಯಾವ ರಾಣಿ ಉಟ್ಕೊಂಡು ಕುಣಿದಳೋ ಏನೋ,” ಅಂದ. “ಅಪ್ಪ ಸತ್ತಾಗ ನೇಯ್ದಿದ್ದು ಇದೇ ನೋಡಿ ಅಂತ ತೋರ್ಸೋಕೆ ಒಂದು ಚಿಂದಿ ಇರ್ಲಿಲ್ಲ ಕಣೋ ಜೇಬೆಸ್. ನಂದು ಹಂಗಾಗ್ಬಾರ್ದು.”

ಇಪ್ಪತ್ತೆರಡನೆಯ ಕ್ರಿಸ್‌ಮಸ್‌ನಲ್ಲಿ ಬ್ರಿಂಡಲ್ ಯಾವ ಗಳಿಗೆಯಲ್ಲಿದ್ದನೋ, ಒಪ್ಪಿಬಿಟ್ಟ. ಆಗ ನಮ್ಮಲ್ಲಿ ನಡೆಯುತ್ತಿದ್ದದ್ದು ‘ಥಾರ್ನ್‌ಲೀ ಬಂಗಲೆಯ ರಹಸ್ಯ’ ಎಂಬ ಧಾರಾವಾಹಿ. ಅದು ಮುಗಿಯುವ ವಾರ, ಕೊನೆಯ ಚಿತ್ರದ ಮೂಲೆಯಲ್ಲಿ ನಿನ್ನ ಹೆಸರು ಹಾಕಿಕೋ ಅಂದ. ಟಕ್‌ವೆಲ್ ಮಧ್ಯಾಹ್ನದ ಬಿಡುವಿನಲ್ಲಿ ಮರದ ಚೂರಿನ ಮೇಲೆ ಹೆಸರನ್ನು ತಿರುಗುಮುರುಗಾಗಿ ಕೆತ್ತಿ ಕೆತ್ತಿ ಅಭ್ಯಾಸ ಮಾಡಿದ. ಜವೆಗೋಧಿಯ ಕಾಳಿನಷ್ಟು ಜಾಗದಲ್ಲಿ ಇಡೀ ಹೆಸರು! ನನಗೆ ತೋರಿಸಿ ಮುಖ ಕೆಂಪು ಮಾಡಿಕೊಂಡ.

ಆ ಧಾರಾವಾಹಿ ಲಂಡನ್ನಿಗೆ ಹುಚ್ಚು ಹಿಡಿಸಿತ್ತು. ಬಂಗಲೆಯ ಯಜಮಾನನನ್ನು ಯಾರೋ ಇರಿದು ಕೊಂದಿದ್ದಾರೆ. ಗಾಯದ ವಾಲು ನೋಡಿದರೆ ಕೊಂದವನು ಎಡಚ ಎಂದು ಮೂರನೆಯ ವಾರವೇ ಡಾಕ್ಟರ್ ಹೇಳಿಯಾಗಿದೆ. ಮನೆಯಲ್ಲಿ ಎಡಚ ಯಾರೆಂಬುದು ಮಾತ್ರ ಗುಟ್ಟು. ಮದ್ಯದಂಗಡಿಯಲ್ಲಿ ಎಡಗೈಯಿಂದ ಲೋಟ ಎತ್ತಿದವನನ್ನು ಜನ ಓರೆಗಣ್ಣಿನಿಂದ ನೋಡುವ ಮಟ್ಟಿಗೆ ಹೋಗಿತ್ತು. ಕೊನೆಯ ವಾರಕ್ಕೆ ಮುಂಚಿನ ಸಂಚಿಕೆಯ ಮುಖಪುಟದಲ್ಲಿ ಕೊಲೆಗಾರ ಬೆನ್ನು ಹಾಕಿ ನಿಂತಿರಬೇಕು, ಎಡಗೈಯಲ್ಲಿ ಚಾಕು ಎತ್ತಿರಬೇಕು, ಬಲಗೈ ಖಾಲಿಯಾಗಿ ಮೇಣದಬತ್ತಿಯ ಬೆಳಕಿಗೆ ಅಡ್ಡ ಹಿಡಿದಿರಬೇಕು ಎಂದು ಲೇಖಕ ಬರೆದು ಕಳಿಸಿದ್ದ. ಕಲಾವಿದನಿಗೆ ಗಂಟಲು ಬಾತು ಜ್ವರ. ಹಾಗಾಗಿ ಚಿತ್ರ ಬರೆದವನೂ ಟಕ್‌ವೆಲ್, ಕೆತ್ತಿದವನೂ ಅವನೇ.

ಬುಧವಾರ ಬೆಳಗ್ಗೆ ಹನ್ನೊಂದಕ್ಕೆ ಮರದ ಅಳತೆ ತೆಗೆದುಕೊಳ್ಳಲು ನಾನು ಅವನ ಕೋಣೆಗೆ ಹೋಗಿದ್ದೆ. ಆಗ ಇಬ್ಬರು ಮೆಟ್ಟಿಲು ಹತ್ತಿ ಬಂದರು. ಒಬ್ಬ ಧಾರಾವಾಹಿಯ ಲೇಖಕ ಆಗಸ್ಟಸ್ ಪೆನ್‌ಹ್ಯಾಲೋ. ಹದಿನೆಂಟು ಕಾದಂಬರಿ ಬರೆದವನು, ಒಂದು ದಿನವೂ ಕೆತ್ತನೆ ಕೋಣೆಗೆ ಕಾಲಿಟ್ಟವನಲ್ಲ. ಇನ್ನೊಬ್ಬ ಮಾಲೀಕನ ಸೋದರಳಿಯ ಕತ್‌ಬರ್ಟ್. ಮಾಲೀಕನಿಗೆ ಕಾಲಿನ ವಾತ ಜೋರಾಗಿ ಮನೆ ಹಿಡಿದ ಮೇಲೆ ಎರಡು ತಿಂಗಳಿಂದ ದರ್ಬಾರು ಇವನದು. ಅದಕ್ಕೆ ಮೊದಲು ಸೋಪಿನ ಕಾರ್ಖಾನೆಯಲ್ಲಿದ್ದ.

ಪೆನ್‌ಹ್ಯಾಲೋ ಮೇಜಿನ ಮೇಲಿದ್ದ ಮರ ನೋಡಿದ್ದೇ ತಡ, ಕೂಗಿದ.

“ಏನಯ್ಯಾ ಇದು? ಕೊಲೆಗಾರ ಎಡಚ, ಎಡಚ ಅಂತ ಮೂರು ತಿಂಗಳಿಂದ ಬಡ್ಕೋತಾ ಇದೀನಿ. ಚಾಕು ಬಲಗೈಲಿದೆ!”

“ಮರದ ಮೇಲೆ ಬಲಗೈ ಸ್ವಾಮಿ,” ಅಂದ ಟಕ್‌ವೆಲ್, ಹಣೆಯ ಮರೆ ಮೇಲೆತ್ತಿ. “ಕಾಗದದ ಮೇಲೆ ಎಡಗೈ ಆಗತ್ತೆ.”

“ಆಗತ್ತೆ ಅಂದ್ರೆ? ತಾನಾಗೇ ಆಗತ್ತಾ?”

“ಹೌದು ಸ್ವಾಮಿ. ತಾನಾಗೇ.”

ಕತ್‌ಬರ್ಟ್ ನಕ್ಕ. “ಸೋಪಿನ ಕಾರ್ಖಾನೇಲೂ ಹಿಂಗೇ ಹೇಳೋರು ಮಿಸ್ಟರ್ ಪೆನ್‌ಹ್ಯಾಲೋ. ತಾನಾಗೇ ಗಟ್ಟಿಯಾಗತ್ತೆ, ತಾನಾಗೇ ನೊರೆ ಬರತ್ತೆ. ಕೆಲ್ಸ ಕಳ್ಳರ ಮಾತೇ ಇದು.”

ಟಕ್‌ವೆಲ್ ಸಿಟ್ಟಾಗಲಿಲ್ಲ. ಮೇಜಿನ ಖಾನೆಯಿಂದ ಕನ್ನಡಿ ತೆಗೆದು ಮರದ ಪಕ್ಕ ಹಿಡಿದು ತೋರಿಸಿದ. ಕನ್ನಡಿಯಲ್ಲಿ ಚಾಕು ಎಡಗೈಯಲ್ಲಿತ್ತು.

“ನೋಡಿ ಸ್ವಾಮಿ, ಅಚ್ಚಾದ್ಮೇಲೆ ಹೀಗೆ.”

ಪೆನ್‌ಹ್ಯಾಲೋ ಕನ್ನಡಿಯಲ್ಲಿ ಚಿತ್ರ ನೋಡುವ ಬದಲು ತನ್ನ ತಲೆ ನೋಡಿಕೊಂಡ. “ನನ್ನ ಬೈತಲೆ ಇರೋದು ಎಡಕ್ಕೆ. ನಂಗೆ ಎದುರಾಗಿ ನಿಂತೋರ ಕಣ್ಣಿಗೆ ಅದು ಬಲಕ್ಕಿರತ್ತೆ, ನಿನ್ ಕನ್ನಡೀಲಿ ಎಡಕ್ಕಿದೆ. ಕನ್ನಡಿ ಸುಳ್ಳು ಹೇಳತ್ತೆ ಅನ್ನೋದಕ್ಕೆ ಇದಕ್ಕಿಂತ ಸಾಕ್ಷಿ ಬೇಕಾ? ನನ್ನ ಕಥೇಲಿ ಇಂಥ ಸಾಕ್ಷೀನ ಇನ್ಸ್‌ಪೆಕ್ಟರು ಒದ್ದು ಹೊರಗೆ ಹಾಕ್ತಾನೆ.”

“ಹಾಗಾದ್ರೆ ಹತ್ತು ನಿಮಿಷ ಕೊಡಿ. ಮಸಿ ಬಳಿದು ಒಂದು ಕಾಗದ ಒತ್ತಿ ತೋರಿಸ್ತೀನಿ.”

“ಕನ್ನಡಿ ಆಯ್ತು, ಈಗ ಮಸಿ! ಇವನೇನು ಕೆಲಸಗಾರನೋ ಜಾತ್ರೇಲಿ ಟೊಪ್ಪಿಗೆಯಿಂದ ಮೊಲ ತೆಗೆಯೋನೋ? ಒಂದು ಗಂಟೆಗೆ ನನ್ನನ್ನ ಊಟಕ್ಕೆ ಕರೆದಿದಾರೆ ಕತ್‌ಬರ್ಟ್.”

ಆಗ ಕತ್‌ಬರ್ಟ್ ನನ್ನ ಕಡೆ ತಿರುಗಿದ. “ಆರ್ಚರ್ಡ್, ನೀನು ಹಳಬ. ನೀನೇನಂತೀಯಾ?”

ಇಲ್ಲಿ ನಾನು ನಿಜ ಹೇಳಿಬಿಡುತ್ತೇನೆ. ನಮ್ಮ ಮೇಸ್ತ್ರಿ ಆ ತಿಂಗಳು ಕೆಲಸ ಬಿಡುವವನಿದ್ದ. ಆ ಜಾಗ ನನಗೆ ಸಿಗುವುದೋ ಇಲ್ಲವೋ ಕತ್‌ಬರ್ಟ್ ಕೈಯಲ್ಲಿತ್ತು. ತಿರುಗುಮುರುಗು ಅಕ್ಷರವನ್ನೇ ಓದಿ ಅನ್ನ ತಿನ್ನುವವನು ನಾನು; ಆ ಮರ ಸರಿಯಾಗಿದೆ ಎಂದು ಮಂಪರಿನಲ್ಲಿದ್ದರೂ ಹೇಳಬಲ್ಲೆ.

“ಚಿತ್ರದ ವಿಷಯ ನಂದಲ್ಲ ಸ್ವಾಮಿ,” ಅಂದೆ.

ಟಕ್‌ವೆಲ್ ನನ್ನನ್ನು ಒಂದು ಸಲ ನೋಡಿದ. ಬೈಯುವ ನೋಟ ಅಲ್ಲ. ಗಾಡಿಯವನು ತಪ್ಪು ಬೀದಿಯಲ್ಲಿ ಇಳಿಸಿ ಹೋದರೆ ನೋಡುತ್ತಾರಲ್ಲ, ಹಾಗೆ.

“ಚಾಕುನ ಈಚೆ ಕೈಯಿಂದ ಆಚೆ ಕೈಗೆ ಹಾಕು,” ಅಂದ ಕತ್‌ಬರ್ಟ್.

“ಹಾಕಲ್ಲ ಸ್ವಾಮಿ. ಹಾಕಿದ್ರೆ ತಪ್ಪಾಗತ್ತೆ.”

“ಮುಂದಿನ ವಾರದ ಚಿತ್ರದ ಮೂಲೇಲಿ ಏನೋ ಹಾಕ್ಕೋಬೇಕು ಅಂತ ನಮ್ಮ ಮಾವನ್ನ ಕೇಳಿದ್ದೆಯಂತೆ. ಅದು ಬೇಕೋ ಬೇಡ್ವೋ?”

ಟಕ್‌ವೆಲ್ ಕನ್ನಡಿಯನ್ನು ಖಾನೆಯಲ್ಲಿಟ್ಟ. ಹಣೆಯ ಮರೆ ಕೆಳಗಿಳಿಸಿದ. ಅಷ್ಟೇ ಅವನ ಉತ್ತರ. ಇಬ್ಬರೂ ಊಟಕ್ಕೆ ಇಳಿದು ಹೋದರು.

ಕೆತ್ತಿದ ಮರವನ್ನು ತಿದ್ದಲು ಒಂದೇ ದಾರಿ. ತಪ್ಪಿದ್ದ ಜಾಗವನ್ನು ದುಂಡಗೆ ಕೊರೆದು ತೆಗೆಯಬೇಕು, ಅದೇ ಜಾತಿಯ ಮರದ ಬಿರಡೆ ಮಾಡಿ ತೂತಿಗೆ ಬಡಿದು ಕೂರಿಸಬೇಕು, ಮಟ್ಟ ಮಾಡಿ ಅದರ ಮೇಲೆ ಹೊಸದಾಗಿ ಕೆತ್ತಬೇಕು. ಸಾಮಾನ್ಯ ಕೆತ್ತನೆಗಾರ ಕೂರಿಸಿದ ಬಿರಡೆ ಅಚ್ಚಿನಲ್ಲಿ ಗೊತ್ತಾಗಿಬಿಡುತ್ತದೆ. ಸುತ್ತ ಕೂದಲೆಳೆಯಂಥ ಬಿಳಿ ಗೆರೆ ಬೀಳುತ್ತದೆ. ಪೆನ್ನಿ ಪತ್ರಿಕೆಯಲ್ಲಿ ಅದನ್ನು ಯಾರೂ ಲೆಕ್ಕಕ್ಕಿಡುವುದಿಲ್ಲ. ಟಕ್‌ವೆಲ್ ಎರಡು ಬಿರಡೆ ಕೂರಿಸಿದ. ಒಂದರಲ್ಲಿ ಚಾಕು ಹಿಡಿದ ಕೈ ಖಾಲಿಯಾಯಿತು, ಇನ್ನೊಂದರಲ್ಲಿ ಖಾಲಿ ಕೈಗೆ ಚಾಕು ಬಂತು. ಸಂಜೆ ಆರಕ್ಕೆ ಮರ ಕೆಳಗೆ ಬಂತು. ತಪ್ಪು ಚಿತ್ರಕ್ಕೆ ಯಾರಾದರೂ ಅಷ್ಟು ನಾಜೂಕು ಮಾಡುತ್ತಾರೆಯೇ? ಅವನು ಮಾಡಿದ.

ಗುರುವಾರ ಯಂತ್ರದಿಂದ ಬಿದ್ದ ಮೊದಲ ಹಾಳೆಯಲ್ಲೇ ಕೊಲೆಗಾರ ಬಲಗೈಯಲ್ಲಿ ಚಾಕು ಎತ್ತಿ ನಿಂತಿದ್ದ. ನಾನು ನೋಡಿದೆ. ಮೇಸ್ತ್ರಿಗೆ ಹೇಳಿದೆ. ಕತ್‌ಬರ್ಟ್ ಸಾಹೇಬರೇ ಒಪ್ಪಿದ ಚಿತ್ರ, ನಿನಗೇನು ಉರಿ ಅಂದ. ಎಂಬತ್ತು ಸಾವಿರ ಪ್ರತಿ ಹೊರಗೆ ಹೋಯಿತು.

ಸೋಮವಾರದ ಹೊತ್ತಿಗೆ ಕಾಗದಗಳು ಚೀಲದಲ್ಲಿ ಬರತೊಡಗಿದವು. ಲಂಡನ್ನಿನ ಗುಮಾಸ್ತರು, ದರ್ಜಿಗಳು, ಅಡುಗೆಯವರು, ಪಾದ್ರಿಗಳು ಎಲ್ಲ ಇನ್ಸ್‌ಪೆಕ್ಟರುಗಳೇ. ಎಡಚ ಎಂದು ನಂಬಿಸಿ ಮೋಸ ಮಾಡಿದಿರಿ, ನಮ್ಮ ಒಂದೊಂದು ಪೆನ್ನಿ ವಾಪಸು ಕೊಡಿ ಎಂದು ಬೈದಿದ್ದರು. ಓಣಿಯಲ್ಲಿ ಡಾಜೆಟ್ ಮೆಟ್ಟಿಲ ಬುಡದಲ್ಲಿ ನಿಂತು ಕೂಗಿದನಂತೆ.

“ಬಂಗಲೆಯ ಸೆಕ್ರೆಟರೀನೇ ಎಡಚ, ಅವನೇ ಕೊಂದಿದ್ದು ಅಂತ ಊರೆಲ್ಲ ಹೇಳ್ಕೊಂಡು ತಿರುಗ್ದೆ! ನಾಲ್ಕು ಕಡುಬು ತಿಂದೆಯಲ್ಲೋ ಟಕ್‌ವೆಲ್ಲಾ, ಕೈ ಯಾವ್ದು ಅಂತಾದ್ರೂ ನೆಟ್ಟಗೆ ಕೆತ್ಬಾರ್ದಿತ್ತಾ?”

ಮಂಗಳವಾರ ಮಾಲೀಕ ಬ್ರಿಂಡಲ್ ಕಾಲಿಗೆ ಬಟ್ಟೆ ಸುತ್ತಿಕೊಂಡು ಗಾಡಿಯಲ್ಲಿ ಬಂದ. ಮೇಲಿನ ಕೋಣೆಯಲ್ಲಿ ನಡೆದದ್ದನ್ನು ಬಾಗಿಲ ಹೊರಗಿದ್ದ ನಾವೆಲ್ಲ ಕೇಳಿದೆವು. ಪೆನ್‌ಹ್ಯಾಲೋ ಏನು ಹೇಳಿದ ಗೊತ್ತೇ? “ಎಡಗೈಯಲ್ಲಿ ಬರ್ಬೇಕು ಅಂತ ಬರೆದು ಕೊಟ್ಟಿದ್ದೆ. ಬಂತಾ? ಬರ್ಲಿಲ್ಲ. ತಪ್ಪು ನಂದೋ ಅವನದೋ?” ತಾನು ಆ ಕೋಣೆಗೆ ಹೋಗಿದ್ದೆ ಎಂಬ ಮಾತೇ ಇಲ್ಲ. ಕತ್‌ಬರ್ಟ್ ಮರ ತಿದ್ದಿಸಿಯೇ ಇಲ್ಲ ಅಂದ. ಮುದುಕನಿಗೆ ಕಣ್ಣು ಮಂಜಾಗಿದೆ, ಕೆತ್ತಿದ್ದೇ ಹಾಗೆ ಅಂದ.

ಟಕ್‌ವೆಲ್ ನಡೆದದ್ದನ್ನು ನಡೆದ ಹಾಗೆ ಒಂದು ಸಲ ಹೇಳಿದ. ಎರಡನೆಯ ಸಲ ಹೇಳು ಅಂದಾಗ ಹೇಳಲಿಲ್ಲ. ಕೆಲಸ ಹೋಯಿತು. ಅರ್ಧ ಗಂಟೆಯಲ್ಲಿ ಉಳಿಗಳನ್ನು ಬಟ್ಟೆಗೆ ಸುತ್ತಿಕೊಂಡು, ಗಾಜಿನ ಬುರುಡೆಯ ನೀರನ್ನು ಕಿಟಕಿಯಿಂದ ಚೆಲ್ಲಿ, ಬುರುಡೆಯನ್ನು ಕಂಕುಳಲ್ಲಿಟ್ಟುಕೊಂಡು ಮೆಟ್ಟಿಲು ಇಳಿದು ಹೋದ.

ಸಂಜೆ ನನ್ನ ಕೈಗೆ ಒಂದು ಚೀಟಿ ಬಂತು. ಕೊನೆಯ ಸಂಚಿಕೆಗೆ, ಚಿತ್ರದ ಕೆಳಗೇ ಹಾಕಬೇಕು.

“ಕಳೆದ ವಾರದ ಚಿತ್ರದಲ್ಲಿ ಚಾಕು ಬಲಗೈಯಲ್ಲಿ ಕಾಣಿಸಿಕೊಂಡದ್ದು ಕೆತ್ತನೆಗಾರ ಎಫ್ರಾಯಿಮ್ ಟಕ್‌ವೆಲ್ ಅವರ ಅಜಾಗರೂಕತೆಯಿಂದಾದ ತಪ್ಪು. ಓದುಗರು ಮನ್ನಿಸಬೇಕು.”

ಜೋಡಿಸಿದೆ. ಏನು ಮಾಡಲಿ, ಜೋಡಿಸಿದೆ. ಯಾವ ಸಂಚಿಕೆಯಲ್ಲಿ ಹೆಸರು ಬರಲೆಂದು ಆ ಮನುಷ್ಯ ಕಾದಿದ್ದನೋ ಅದೇ ಸಂಚಿಕೆಯಲ್ಲಿ ಬಂತು. ಎಂಬತ್ತು ಸಾವಿರ ಸಲ ಬಂತು. ಚಿತ್ರವನ್ನು ಹೊರಗಿನ ಯಾವುದೋ ಅಂಗಡಿಯಲ್ಲಿ ಕೆತ್ತಿಸಿದ್ದರು. ಅದರ ಬಲಮೂಲೆ ಖಾಲಿ ಇತ್ತು.

ಮುಂದಿನ ಸೋಮವಾರ ನನ್ನನ್ನು ಮೇಸ್ತ್ರಿ ಮಾಡಿದರು.

ಮೇಸ್ತ್ರಿಗೆ ಹಳೆಯ ಮರಗಳನ್ನಿಡುವ ಕೋಣೆಯ ಬೀಗದ ಕೈ ಸಿಗುತ್ತದೆ. ನಾನು ಮಾಡಿದ ಮೊದಲ ಕೆಲಸವೆಂದರೆ ಆ ಮರವನ್ನು ಹುಡುಕಿ ತೆಗೆದದ್ದು. ನನ್ನ ಮನಸ್ಸಿನಲ್ಲಿ ಎಲ್ಲ ಸ್ಪಷ್ಟವಾಗಿತ್ತು. ಮರ ತಿದ್ದಿಸಿಯೇ ಇಲ್ಲ ಎಂದು ಕತ್‌ಬರ್ಟ್ ಹೇಳಿದ್ದಾನೆ. ಮರದಲ್ಲಿ ಎರಡು ಬಿರಡೆಗಳಿವೆ. ಬಿರಡೆ ತೋರಿಸಿದರೆ ಮುಗಿಯಿತು. ಧಾರಾವಾಹಿಯ ಕೊನೆಯ ವಾರದಲ್ಲಿ ಇನ್ಸ್‌ಪೆಕ್ಟರು ಎಲ್ಲರನ್ನೂ ಕೂರಿಸಿಕೊಂಡು ಸಾಕ್ಷಿ ಮುಂದಿಟ್ಟ ಹಾಗೆ. ಬುಧವಾರ ಮಾಲೀಕ ಬಂದಿದ್ದಾಗ ಮರ ಒಯ್ದು ಮೇಜಿನ ಮೇಲಿಟ್ಟೆ. ನನ್ನ ದುರದೃಷ್ಟಕ್ಕೆ ಕತ್‌ಬರ್ಟ್ ಕೂಡ ಅಲ್ಲೇ ಕಿಟಕಿಗೆ ಒರಗಿ ನಿಂತಿದ್ದ.

“ಇದನ್ನ ತಿದ್ದಿಸಿದಾರೆ ಸ್ವಾಮಿ. ಮೊದಲು ಟಕ್‌ವೆಲ್ ಸರಿಯಾಗೇ ಕೆತ್ತಿದ್ರು. ಬಿರಡೆ ನೋಡಿ.”

ಬ್ರಿಂಡಲ್ ಭೂತಗನ್ನಡಿ ಹಿಡಿದು ಬಗ್ಗಿದ. ಮರವನ್ನು ಬೆಳಕಿಗೆ ತಿರುಗಿಸಿದ, ಉಗುರಿನಿಂದ ಗೀರಿದ, ನಾಲಿಗೆ ಮುಟ್ಟಿಸಿದ ಬೆರಳನ್ನು ಅದರ ಮೇಲೆ ಆಡಿಸಿದ.

“ಎಲ್ಲಿದೆ?”

ನಾನೂ ಬಗ್ಗಿ ನೋಡಿದೆ. ಚಾಕುವಿನ ಸುತ್ತ, ಖಾಲಿ ಕೈಯ ಸುತ್ತ. ಎಲ್ಲಿತ್ತು? ಮರದ ನಾರಿಗೆ ನಾರು ಕೂಡಿಕೊಂಡಿತ್ತು. ಗೆರೆಗೆ ಗೆರೆ ಸೇರಿತ್ತು. ಇಪ್ಪತ್ತು ವರ್ಷ ಸೀಸದ ಮೊಳೆಯ ಕೂದಲಗಲದ ವ್ಯತ್ಯಾಸ ಹಿಡಿದ ನನ್ನ ಕಣ್ಣಿಗೆ ಏನೂ ಕಾಣಲಿಲ್ಲ. ಅಚ್ಚಾದ ಪ್ರತಿಯನ್ನೂ ತರಿಸಿ ನೋಡಿದರು. ಬಿಳಿ ಗೆರೆಯ ಸುಳಿವೇ ಇಲ್ಲ. ನನಗೆ ಬಂದ ಕೋಪ ಹೇಳತೀರದು. ಮುದುಕಾ, ಒಂದು ಎಳೆ, ಒಂದೇ ಒಂದು ಎಳೆ ಬಿಡಬಾರದಿತ್ತೇ?

“ನಮ್ಮ ಪತ್ರಿಕೇಲಿ ಇಷ್ಟೊಂದು ಕಥೆ ಜೋಡಿಸಿದೀಯಾ ಆರ್ಚರ್ಡ್,” ಅಂದ ಬ್ರಿಂಡಲ್, ಅಷ್ಟೇನೂ ಕೆಟ್ಟದಾಗಿ ಅಲ್ಲ. “ಸಾಕ್ಷಿ ಇಲ್ದೆ ಯಾರನ್ನಾದ್ರೂ ಹಿಡೀತಾರಾ? ತಿದ್ದಿಸಿದ್ದನ್ನ ನೀನು ಕಣ್ಣಾರೆ ನೋಡಿದ್ಯಾ?”

ಕತ್‌ಬರ್ಟ್ ಕಿಟಕಿಯಿಂದ ಇತ್ತ ತಿರುಗಿದ.

“ಇಲ್ಲ ಸ್ವಾಮಿ,” ಅಂದೆ. “ಕೇಳಿ ಗೊತ್ತು.”

“ಸರಿ, ಮರ ಎಲ್ಲಿತ್ತೋ ಅಲ್ಲಿಡು.”

ಅಲ್ಲಿಡಲಿಲ್ಲ. ಭಾನುವಾರ ಮಧ್ಯಾಹ್ನ ಅದನ್ನು ಕೋಟಿನೊಳಗಿಟ್ಟುಕೊಂಡು ಕ್ಲರ್ಕನ್‌ವೆಲ್ಲಿಗೆ ಹೋದೆ. ಟಕ್‌ವೆಲ್ ಕಿಟಕಿಯ ಬಳಿ ಬೀಜದ ಅಂಗಡಿಯ ಬೆಲೆಪಟ್ಟಿಗೆ ಟರ್ನಿಪ್ ಗಡ್ಡೆ ಕೆತ್ತುತ್ತಿದ್ದ. ಭಾನುವಾರವೂ ಕೆಲಸ, ಯಾಕೆಂದರೆ ಗಡ್ಡೆಗೆ ಸಿಗುವುದು ಹೆಣಕ್ಕೆ ಸಿಗುವುದರ ಅರ್ಧ. ಕೆಟುರಾ ಮೂಲೆಯಲ್ಲಿ ಹೊಗೆಮೀನು ಸುಡುತ್ತಿದ್ದಳು. ಮೆಟ್ಟಿಲ ಮೇಲೆ ಓದುವುದನ್ನು ಬಿಟ್ಟು ಎರಡು ಶನಿವಾರ ಆಗಿತ್ತು ಎಂದು ಆಮೇಲೆ ತಿಳಿಯಿತು.

ನಾನು ಮರವನ್ನು ಮೇಜಿನ ಮೇಲಿಟ್ಟು, ಅವತ್ತು ಕೆತ್ತನೆ ಕೋಣೆಯಲ್ಲಿ ಆದದ್ದರಿಂದ ಹಿಡಿದು ಬ್ರಿಂಡಲ್ ಮುಂದೆ ನಡೆದದ್ದರವರೆಗೆ ಎಲ್ಲ ಹೇಳಿದೆ. ಹೇಳುತ್ತ ಹೇಳುತ್ತ ದನಿ ಏರಿತು. “ಬಿಸಿನೀರಲ್ಲಿ ಮುಳುಗಿಸೋಣ. ಎಂಥ ಬಿರಡೆ ಆದ್ರೂ ಊದಿ ಮೇಲೆ ಬರ್ಲೇಬೇಕು. ಹಂಗೇ ತಗೊಂಡೋಗಿ ಅವರ ಮುಖದ ಮುಂದೆ ಹಿಡೀತೀನಿ.”

ಕೆಟುರಾ ಕೆಟಲಿನ ನೀರನ್ನು ಬೋಗುಣಿಗೆ ಹೊಯ್ದಳು. ಮರವನ್ನು ಮುಳುಗಿಸಿ ಮೇಲೆ ಇಸ್ತ್ರಿ ಪೆಟ್ಟಿಗೆ ಹೇರಿದೆವು. ಒಂದು ಗಂಟೆ ಕಾದೆವು. ಮೀನು, ಬ್ರೆಡ್ಡು, ಚಹಾ ಆಯಿತು. ನೀರು ಆರಿತೆಂದು ಇನ್ನೊಂದು ಕೆಟಲು ಹೊಯ್ದೆವು. ಮತ್ತೆ ಅರ್ಧ ಗಂಟೆ.

ಮರ ತೆಗೆದು ಬಟ್ಟೆಯಿಂದ ಒರೆಸಿ ಕಿಟಕಿಗೆ ಹಿಡಿದೆ. ದೊಡ್ಡ ಚಿತ್ರದ ಮರ ಒಂದೇ ತುಂಡಾಗಿರುವುದಿಲ್ಲ. ಮರದ ಅಂಗಡಿಯವನು ಆರು ತುಂಡು ಕೂಡಿಸಿ ಕೊಟ್ಟಿರುತ್ತಾನೆ. ಆ ಅಂಗಡಿಯವನ ಕೂಡುಗಳೆಲ್ಲ ಬಾಯಿ ಬಿಟ್ಟಿದ್ದವು. ಆಕಾಶ ಬಿರಿದಿತ್ತು, ಬಂಗಲೆಯ ಗೋಡೆ ಬಿರಿದಿತ್ತು. ಕೊಲೆಗಾರನ ಎರಡು ಕೈಗಳು ಮಾತ್ರ ಹೇಗಿದ್ದವೋ ಹಾಗೇ ಇದ್ದವು. ಬಿರಡೆ ಒಂದು ಎಳೆ ಮೇಲೆದ್ದಿರಲಿಲ್ಲ.

ಟಕ್‌ವೆಲ್ ನನ್ನ ಕೈಯಿಂದ ಮರ ತೆಗೆದುಕೊಂಡು ಹೆಬ್ಬೆರಳಿನಿಂದ ನಿಧಾನಕ್ಕೆ ಸವರಿದ. ಹದಿನೈದು ದಿನದಲ್ಲಿ ಮೊದಲ ಸಲ ಅವನ ಮುಖದಲ್ಲಿ ನಗು ಕಂಡಿತು.

“ಇಲ್ಲಿದೆ ನೋಡು,” ಅಂದ. “ಇಲ್ಲಿಂದ ಇಲ್ಲಿಗೆ. ನಂಗೊಬ್ನಿಗೇ ಗೊತ್ತಾಗತ್ತೆ.”

ನನಗೆ ತಡೆಯಲಾಗಲಿಲ್ಲ. “ನಗ್ತೀರಲ್ರೀ! ನಿಮ್ಮ ಹೆಸರಿಗೆ ಮಸಿ ಬಳಿದವರಿಗೋಸ್ಕರ ಇಷ್ಟು ಚೆನ್ನಾಗಿ ಕೂರಿಸ್ಬೇಕಿತ್ತಾ? ಸ್ವಲ್ಪ ಕೆಟ್ಟದಾಗಿ ಕೂರಿಸಿದ್ರೆ ಇವತ್ತು ಗೆದ್ದಿರ್ತಿದ್ವಿ!”

“ಕೆಟ್ಟದಾಗಿ ಕೂರಿಸೋದನ್ನ ನಂಗ್ಯಾರೂ ಕಲಿಸ್ಲಿಲ್ಲ ಕಣೋ ಜೇಬೆಸ್.”

“ಹಾಳಾದ ಮರ! ಇಷ್ಟು ಬೇಯಿಸಿದ್ರೂ ಬಾಯಿ ಬಿಡ್ಲಿಲ್ಲ!”

ಕೆಟುರಾ ತಟ್ಟೆ ಎತ್ತುತ್ತಿದ್ದವಳು ನಿಂತಳು. ಇಪ್ಪತ್ತೆರಡು ವರ್ಷ ಕೊಲೆಯ ಕಥೆಗಳನ್ನು ಮೆಟ್ಟಿಲ ಮೇಲೆ ಓದಿದ ಹೆಂಗಸು ಅವಳು.

“ಅವತ್ತು ಆ ಕೋಣೇಲಿ ಎಷ್ಟು ಜನ ಇದ್ರು ಮಿಸ್ಟರ್ ಆರ್ಚರ್ಡ್?” ಅಂತ ಕೇಳಿದಳು.

ನಾನು ಟಕ್‌ವೆಲ್ ಕಡೆ ನೋಡಿದೆ. ಅವನು ಟರ್ನಿಪ್ ಗಡ್ಡೆಯ ಮೇಲೆ ಬಗ್ಗಿದ್ದ. ನಾನೂ ಅಲ್ಲಿದ್ದದ್ದನ್ನು ಅವನು ಇವಳಿಗೆ ಹೇಳಿರಲಿಲ್ಲ. ಅವನು ಯಾರ ಹೆಸರನ್ನೂ ಬಾಯಿ ಬಿಡುವವನಲ್ಲ.

“ಯಾಕೆ?”

“ಕನ್ನಡಿ ತೋರ್ಸಿದ್ದು, ಆ ಬೈತಲೆ ಮಾತು, ಆ ಸೋಪಿನ ಮಾತು, ಎಲ್ಲಾ ಈಗ ಕಣ್ಣಿಗೆ ಕಟ್ಟೋ ಹಾಗೆ ಹೇಳಿದ್ರಲ್ಲ. ಇವ್ರು ನಂಗೆ ಅಷ್ಟು ಹೇಳಿಲ್ಲ. ಬ್ರಿಂಡಲ್ಲಿಗೆ ಮಾತ್ರ ನೀವು ಕೇಳಿ ಗೊತ್ತು ಅಂದ್ರಂತೆ. ಯಾರ ಹತ್ರ ಕೇಳಿದ್ರಿ?”

ನಾನು ಮೇಜಿನ ಮೇಲಿದ್ದ ಒದ್ದೆ ಮರವನ್ನು ಮತ್ತೆ ಒರೆಸತೊಡಗಿದೆ.

“ಮರಕ್ಕೆ ಬಾಯಿಲ್ಲ, ಬಿಡ್ಲಿಲ್ಲ. ಅದನ್ಯಾಕೆ ಬಯ್ತೀರಾ?” ಅಂದಳು. “ಬಾಯಿ ಇದ್ದೋರು ಒಬ್ರು ಅಲ್ಲೇ ನಿಂತಿದ್ರಲ್ಲ.”

ಟಕ್‌ವೆಲ್ ತಲೆ ಎತ್ತದೆ, “ಸಾಕು ಬಿಡೇ,” ಅಂದ. ಉಳಿ ಮರದ ಮೇಲೆ ಮತ್ತೆ ಸರಸರ ಓಡತೊಡಗಿತು.

ಒದ್ದೆ ಮರವನ್ನು ಕೋಟಿನೊಳಗೆ ಇಟ್ಟುಕೊಂಡು ಹೊರಬಿದ್ದೆ. ಎದೆಯ ಹತ್ತಿರ ಅಂಗಿ ನೆನೆಯಿತು. ಮರುದಿನ ಬೆಳಗ್ಗೆ ಎಂಟಕ್ಕೆ ಕೋಣೆಯ ಬೀಗ ತೆಗೆದು ಮರವನ್ನು ಅದರ ಜಾಗದಲ್ಲಿಟ್ಟೆ. ಆಮೇಲೆ ಮೇಲಿನ ಮಹಡಿಯ ಮೆಟ್ಟಿಲ ಬುಡಕ್ಕೆ ಹೋಗಿ ನಿಂತೆ. ಬ್ರಿಂಡಲ್ ಮೇಲಿದ್ದ, ಅವನ ಕೆಮ್ಮು ಕೇಳಿಸುತ್ತಿತ್ತು. ಹದಿನೇಳು ಮೆಟ್ಟಿಲು. ನಾಲ್ಕು ಹತ್ತಿದೆ. ಕತ್‌ಬರ್ಟ್ ಮೇಲಿನಿಂದ ಬಗ್ಗಿ, “ಏನು ಮೇಸ್ತ್ರಿ?” ಅಂದ.

ಹೊಸ ಧಾರಾವಾಹಿಯ ಮೊದಲ ಪುಟ ಯಾವಾಗ ಬರುತ್ತದೆ ಎಂದು ಕೇಳಿ ಇಳಿದು ಬಂದೆ.